ಬಲಿ, ಪ್ರಸಾದ, ದೀಕ್ಷೆ: ಕ್ರೈಸ್ತ ಧರ್ಮಚಿಂತನೆಯೂ ಕನ್ನಡದ ನೆಲವೂ

ಶಿವಮೊಗ್ಗ ಜಿಲ್ಲೆಯ ಕಥೋಲಿಕ ಕ್ರೈಸ್ತರಿಗೆ ಎರಡು ಧರ್ಮಕ್ಷೇತ್ರಗಳಿವೆ. ಮೊದಲನೆಯದು 1988ರಲ್ಲಿ ರಚಿತವಾದ ಶಿವಮೊಗ್ಗ ಧರ್ಮಕ್ಷೇತ್ರ; ಅದು ಲ್ಯಾಟಿನ್ ವಿಧಿಗೆ ಸೇರಿದ್ದು. ಎರಡನೆಯದು 2007ರಲ್ಲಿ ಮಾನಂದವಾಡಿಯಿಂದ ಬೇರ್ಪಟ್ಟು ರಚಿತವಾದ ಭದ್ರಾವತಿ ಧರ್ಮಕ್ಷೇತ್ರ. ಅದು ಕೇರಳ ಮೂಲದ ಸಿರೋ-ಮಲಬಾರ್ ಸಭೆಗೆ ಸೇರಿದ್ದು. ಎರಡು ಊರುಗಳ ನಡುವಣ ಅಂತರ ಸುಮಾರು 20 ಕಿಲೋಮೀಟರ್. ಎರಡೂ ಸಭೆಗಳು ರೋಮಿನ ಪೋಪರನ್ನೇ ಮಾನ್ಯ ಮಾಡುತ್ತವೆ, ಎರಡರ ನಂಬಿಕೆಯ ಪ್ರಮಾಣವಾಕ್ಯಗಳೂ ಒಂದೇ. ಆದರೂ ಒಂದೇ ಜಿಲ್ಲೆಯಲ್ಲಿ ಎರಡು ಪೀಠಗಳು ಬೇಕಾದವು. ಕಾರಣ ಸಿದ್ಧಾಂತಭೇದವಲ್ಲ, ಪ್ರಾರ್ಥನೆಯ ಕ್ರಮ, ಭಾಷೆ, ಪೂರ್ವಿಕರ ನೆನಪು. ಅಂದರೆ ನಾವು ಸಾಮಾನ್ಯವಾಗಿ ಸಂಸ್ಕೃತಿ ಎಂದು ಕರೆಯುವ ವಸ್ತು.

ಕ್ರೈಸ್ತ ಧರ್ಮ ಈ ನೆಲಕ್ಕೆ ಪರಕೀಯವೋ ಸ್ವಕೀಯವೋ ಎಂಬ ವಾದ ನಮ್ಮಲ್ಲಿ ಆಗಾಗ ಏಳುತ್ತದೆ. 2022ರ ಮತಾಂತರ ಸಂಬಂಧಿ ಕಾಯಿದೆಯ ಸಂದರ್ಭದಲ್ಲಿ ಅದು ವಿಧಾನಮಂಡಲದಿಂದ ಬೀದಿಯವರೆಗೆ ಕೇಳಿಬಂತು. ವಾದಿಸುವವರು ಬಹುಮಟ್ಟಿಗೆ ರಾಜಕೀಯದ ಮಾತನ್ನೇ ಆಡುತ್ತಾರೆ. ಪ್ರಶ್ನೆಯ ಧಾರ್ಮಿಕ ಮತ್ತು ಸಾಹಿತ್ಯಕ ಮುಖವನ್ನು ನೋಡುವವರು ವಿರಳ. ಒಂದು ಧರ್ಮಚಿಂತನೆ ಒಂದು ನೆಲದ ಭಾಷೆಯೊಳಗೆ ಹೊಕ್ಕು ಅಲ್ಲಿಯ ಶಬ್ದಗಳಿಂದ ತಾನೂ ಬದಲಾಗುವುದು ಹೇಗೆ, ಎಲ್ಲಿಯವರೆಗೆ ಬದಲಾಗದೆ ಉಳಿಯುತ್ತದೆ ಎಂಬುದು ಈ ಲೇಖನದ ವಿಚಾರ.

ಮೊದಲು ಭದ್ರಾವತಿಯನ್ನೇ ನೋಡೋಣ. ಹಿಂದೆ ಬೆಂಕಿಪುರವೆನಿಸಿದ್ದ ಈ ಊರಿನಲ್ಲಿ ಹೊಯ್ಸಳರ ಕಾಲದ ಲಕ್ಷ್ಮೀನರಸಿಂಹ ದೇವಾಲಯವಿದೆ. ಊರಿನ ಆಧುನಿಕ ಚರಿತ್ರೆ ಮಾತ್ರ ಕಬ್ಬಿಣದ್ದು. ಸರ್ ಎಂ. ವಿಶ್ವೇಶ್ವರಯ್ಯನವರ ಯೋಜನೆಯಂತೆ 1918ರಲ್ಲಿ ಆರಂಭವಾದ ಮೈಸೂರು ಕಬ್ಬಿಣದ ಕಾರ್ಖಾನೆ 1923ರಿಂದ ಕಬ್ಬಿಣ ಕೊಡತೊಡಗಿತು. ಕೆಮ್ಮಣ್ಣುಗುಂಡಿಯ ಅದಿರು, ಮಲೆನಾಡಿನ ಕಾಡಿನ ಇದ್ದಿಲು, ಭದ್ರೆಯ ನೀರು ಮೂರೂ ಇಲ್ಲಿ ಸೇರಿದವು. ಅವುಗಳ ಜೊತೆಗೆ ತಮಿಳು, ತೆಲುಗು, ಮಲಯಾಳ ನುಡಿಯುವ ಕಾರ್ಮಿಕರೂ ಬಂದು ಸೇರಿದರು. ಮುಂದೆ ಕಾಗದದ ಕಾರ್ಖಾನೆಯೂ ಬಂತು. ಕೇರಳದ ಕೃಷಿಕರು ಮಲೆನಾಡಿನ ಇಳಿಜಾರುಗಳಿಗೆ ಬಂದು ನೆಲೆಸಿದ್ದು ಇದಕ್ಕೆ ಹೊಂದಿಕೊಂಡ ಇನ್ನೊಂದು ಕಥೆ. ಕಾಗದದ ಕಾರ್ಖಾನೆ ನಿಂತು ವರ್ಷಗಳೇ ಕಳೆದಿವೆ, ಕಬ್ಬಿಣದ ಕಾರ್ಖಾನೆಯ ಉಸಿರೂ ಕ್ಷೀಣಿಸಿದೆ. ಅವು ಕರೆತಂದ ಜನ ಮಾತ್ರ ಇಲ್ಲಿಯೇ ಇದ್ದಾರೆ.

ಈ ವಲಸೆಗಾರರಲ್ಲಿ ಕೇರಳದ ತೋಮಾ ಕ್ರೈಸ್ತರದು ವಿಶಿಷ್ಟ ಸಂದರ್ಭ. ಯುರೋಪಿನ ಹಡಗುಗಳು ಬರುವುದಕ್ಕೆ ಎಷ್ಟೋ ಶತಮಾನಗಳ ಮೊದಲೇ ಕ್ರೈಸ್ತರಾಗಿದ್ದವರು ಅವರು. ಪ್ರಾರ್ಥನೆ ಸಿರಿಯಾಕ್ ಭಾಷೆಯಲ್ಲಿ, ನಡೆನುಡಿ ಮಲಯಾಳ ನಾಡಿನದು. 1599ರಲ್ಲಿ ಉದಯಂಪೇರೂರಿನಲ್ಲಿ ಗೋವೆಯ ಆರ್ಚ್‌ಬಿಷಪ್ ಅಲೆಕ್ಸೊ ದ ಮೆನೆಜಿಸ್ ಸಭೆ ಸೇರಿಸಿ, ಈ ಕ್ರೈಸ್ತರ ಅನೇಕ ದೇಶೀಯ ಆಚರಣೆಗಳನ್ನು ನಿಷೇಧಿಸಿ, ಅವರ ಸಿರಿಯಾಕ್ ಗ್ರಂಥಗಳನ್ನು ತಿದ್ದಿಸಿದನು, ಕೆಲವನ್ನು ಸುಡಿಸಿದನು. 1653ರಲ್ಲಿ ಮಟ್ಟಾಂಚೇರಿಯಲ್ಲಿ ಜನ ಶಿಲುಬೆಯ ಮುಂದೆ ಪ್ರತಿಜ್ಞೆ ಮಾಡಿ ಪೋರ್ತುಗೀಜ್ ಪಾದ್ರಿಗಳ ಅಧೀನವನ್ನು ತೊರೆದರು. ಕ್ರೈಸ್ತರು ಸ್ಥಳೀಯ ಸಂಸ್ಕೃತಿಯನ್ನು ಅಳಿಸಿದರೆಂಬ ಆರೋಪವನ್ನು ನಾವು ಕೇಳಿದ್ದೇವೆ. ಆ ಅಳಿಸುವಿಕೆಗೆ ತುತ್ತಾದವರಲ್ಲಿ ಕ್ರೈಸ್ತರೇ ಇದ್ದರೆಂಬುದನ್ನು ಮರೆಯುತ್ತೇವೆ.

ಇಪ್ಪತ್ತನೆಯ ಶತಮಾನದಲ್ಲಿ ಆ ಸಭೆ ತನ್ನ ಪ್ರಾಚೀನ ಪೂರ್ವದೇಶೀಯ ವಿಧಿಯನ್ನು ಮರಳಿ ರೂಪಿಸಿಕೊಂಡಿತು. ಸೋಜಿಗದ ಸಂಗತಿ ಇಲ್ಲಿದೆ. ಮಲಬಾರಿನಲ್ಲಿ ದೇಶೀಯವೆನಿಸಿದ ವಿಧಿ ಮಲೆನಾಡಿಗೆ ಬಂದೊಡನೆ ಪರಸ್ಥಳದ್ದಾಗುತ್ತದೆ. ಮನೆಯಲ್ಲಿ ಮಲಯಾಳವನ್ನೂ ಶಾಲೆಯಲ್ಲಿ ಕನ್ನಡವನ್ನೂ ಆಡುವ ಭದ್ರಾವತಿಯ ಬಾಲಕನಿಗೆ ಸ್ವಸಂಸ್ಕೃತಿ ಯಾವುದು? ಅಜ್ಜನ ನಾಡಿನ ಸಿರಿಯಾಕ್ ಛಾಯೆಯ ಪ್ರಾರ್ಥನೆಯೋ, ನೆರೆಯ ಲ್ಯಾಟಿನ್ ಚರ್ಚಿನ ಕನ್ನಡ ಪೂಜೆಯೋ? ಇದನ್ನು ಕೇವಲ ಭಾಷೆಯ ಜಗಳವೆಂದು ತಳ್ಳಿಹಾಕುವಂತಿಲ್ಲ. ಬೆಂಗಳೂರಿನ ಕಥೋಲಿಕ ಚರ್ಚುಗಳಲ್ಲಿ ಕನ್ನಡ ಮತ್ತು ತಮಿಳಿನ ಸ್ಥಾನ ಕುರಿತು ದಶಕಗಳ ಕಾಲ ನಡೆದ ವಿವಾದವನ್ನು ಬಲ್ಲವರಿಗೆ ಇದರ ತೀವ್ರತೆ ತಿಳಿದಿದೆ.

ಶಿವಮೊಗ್ಗ ನಗರದ ಪವಿತ್ರ ಹೃದಯ ಪ್ರಧಾನಾಲಯವನ್ನು ನೋಡಿದವರು ಅದರ ಭವ್ಯತೆಯನ್ನು ಮೆಚ್ಚುತ್ತಾರೆ. ರೋಮನ್ ಮತ್ತು ಗಾಥಿಕ್ ಶೈಲಿಗಳ ಮಿಶ್ರಣವದು. ಇದೇ ಜಿಲ್ಲೆಯ ಇಕ್ಕೇರಿಯಲ್ಲಿ, ಕೆಳದಿಯಲ್ಲಿ, ಬಳ್ಳಿಗಾವಿಯಲ್ಲಿ ಕಲ್ಲಿನ ವಾಸ್ತುವಿನ ಅಷ್ಟು ಮಾದರಿಗಳಿರುವಾಗ ಹೊಸ ದೇವಾಲಯ ಯುರೋಪಿನ ಶೈಲಿಯನ್ನು ಏಕೆ ಅರಸಿತು ಎಂದು ಕೇಳುವವರಿದ್ದಾರೆ. ಈ ಆಕ್ಷೇಪಣೆಗೆ ನಾನು ಹೆಚ್ಚು ಬೆಲೆ ಕೊಡಲಾರೆ. ಕಟ್ಟಡದ ಕಮಾನು ಯಾವ ದೇಶದ್ದೆಂಬುದು ಹೊರಗಿನ ಮಾತು. ಒಳಗೆ ಆಡುವ ಶಬ್ದಗಳು ಯಾವುವು ಎಂಬುದೇ ಮುಖ್ಯ.

ಹೊರಗಿನದನ್ನು ಬದಲಿಸುವ ಪ್ರಯತ್ನಗಳು ನಡೆಯಲಿಲ್ಲವೆಂದಲ್ಲ. 1649ರಲ್ಲಿ ಶ್ರೀರಂಗಪಟ್ಟಣಕ್ಕೆ ಬಂದ ಇಟಲಿಯ ಜೆಸುಯಿಟ್ ಲಿಯೊನಾರ್ಡೊ ಚಿನ್ನಾಮಿ, ಮಧುರೆಯಲ್ಲಿ ರಾಬರ್ಟೊ ದ ನೊಬಿಲಿ ಹಾಕಿದ ದಾರಿಯಲ್ಲಿ ನಡೆದು ಸಂನ್ಯಾಸಿಯ ರೀತಿಯನ್ನು ಅನುಸರಿಸಿದನು, ಕನ್ನಡವನ್ನು ಕಲಿತು ವ್ಯಾಕರಣವನ್ನು ಬರೆದನು. ಎರಡನೆಯ ವ್ಯಾಟಿಕನ್ ಮಹಾಸಭೆಯ ಅನಂತರ, ಡಿ. ಎಸ್. ಅಮಲೋರ್ಪವದಾಸರು ಬೆಂಗಳೂರಿನ ರಾಷ್ಟ್ರೀಯ ಕೇಂದ್ರದಿಂದ ಪೂಜಾವಿಧಿಯ ಭಾರತೀಕರಣವನ್ನು ಮುನ್ನಡೆಸಿದರು. 1969ರಲ್ಲಿ ರೋಮ್ ಹನ್ನೆರಡು ಮಾರ್ಪಾಟುಗಳಿಗೆ ಒಪ್ಪಿಗೆ ಕೊಟ್ಟಿತು: ನೆಲದ ಮೇಲೆ ಕುಳಿತುಕೊಳ್ಳುವುದು, ಪಾದರಕ್ಷೆ ಕಳಚುವುದು, ಕೈಮುಗಿಯುವುದು, ಪಂಚಾಂಗ ಪ್ರಣಾಮ, ಎಣ್ಣೆಯ ದೀಪ, ಆರತಿ, ಪಾದ್ರಿಗಳಿಗೆ ಶಾಲು ಮುಂತಾದವು. ಮುಂದೆ ಅಮಲೋರ್ಪವದಾಸರು ಮೈಸೂರಿನಲ್ಲಿ ಅಂಜಲಿ ಆಶ್ರಮವನ್ನು ಸ್ಥಾಪಿಸಿದರು.

ಇದಕ್ಕೆ ಎರಡು ದಿಕ್ಕಿನಿಂದ ವಿರೋಧ ಬಂತು. ಹಿಂದೂ ಪಕ್ಷದ ಕೆಲವರು ಇದನ್ನು ವೇಷಾಂತರವೆಂದರು, ಭೋಳೆ ಜನರನ್ನು ಸೆಳೆಯುವ ಉಪಾಯವೆಂದರು. ಕ್ರೈಸ್ತರೊಳಗಿನ ದಲಿತ ಚಿಂತಕರು ಎತ್ತಿದ ಪ್ರಶ್ನೆ ಇನ್ನೂ ಆಳವಾದದ್ದು. 1981ರಲ್ಲಿ ಬೆಂಗಳೂರಿನ ಕಾರ್ಮೆಲಾರಾಮಿನಲ್ಲಿ ಅರವಿಂದ ಪಿ. ನಿರ್ಮಲ್ ಮಾಡಿದ ಉಪನ್ಯಾಸವನ್ನು ದಲಿತ ಧರ್ಮಚಿಂತನೆಯ ಆರಂಭವೆಂದು ಗುರುತಿಸುವುದುಂಟು. ಆ ಚಿಂತಕರ ವಾದದ ತಿರುಳು ಇಷ್ಟು: ನೀವು ದೇಶೀಯ ಸಂಸ್ಕೃತಿ ಎಂದು ಆರತಿ, ಆಶ್ರಮ, ಉಪನಿಷತ್ತುಗಳನ್ನು ತಂದಿರಿ, ಯಾವ ಸಂಸ್ಕೃತಿ ನಮ್ಮನ್ನು ಊರ ಹೊರಗಿಟ್ಟಿತೋ ಅದನ್ನೇ ನಾವು ಬಿಟ್ಟುಬಂದ ಮೇಲೆ ಬಲಿಪೀಠದ ಮೇಲೆ ಏಕೆ ಇಡುತ್ತೀರಿ? ಈ ಮಾತಿಗೆ ಸರಿಯಾದ ಉತ್ತರ ಇನ್ನೂ ಬಂದಿಲ್ಲವೆಂದು ನನ್ನ ಅಭಿಪ್ರಾಯ. ದೇಶೀಯ ಎಂಬ ಪದ ಏಕವಚನದಲ್ಲಿರುವವರೆಗೆ ಬರಲಾರದು ಕೂಡ.

ವೇಷಾಂತರದ ಆರೋಪವನ್ನೂ ಒಂದಿಷ್ಟು ತೂಗಿ ನೋಡಬೇಕು. ಹೊರಗಿನಿಂದ ಬಂದ ಯಾವ ಧರ್ಮ ತಾನೆ ಹೊಸ ನೆಲದಲ್ಲಿ ಹಳೆಯ ಉಡುಪಿನಲ್ಲಿಯೇ ಉಳಿದಿದೆ? ಇದೇ ಜಿಲ್ಲೆಯ ಹೊಸನಗರ ತಾಲ್ಲೂಕಿನ ಹೊಂಬುಜವನ್ನು ನೋಡಿರಿ. ಉತ್ತರದಿಂದ ಬಂದ ಜಿನದತ್ತರಾಯ ಲಕ್ಕಿಯ ಗಿಡದ ಬಳಿ ತಂಗಿದನೆಂದೂ ಅಲ್ಲಿಯೇ ಪದ್ಮಾವತಿ ನೆಲೆಗೊಂಡಳೆಂದೂ ಐತಿಹ್ಯ. ಶಾಸನಗಳಲ್ಲಿ ಲೊಕ್ಕಿಯಬ್ಬೆ ಎಂಬ ಹೆಸರು ದೊರೆಯುತ್ತದೆ. ಪಾರ್ಶ್ವನಾಥನ ಯಕ್ಷಿಗೂ ಮಲೆನಾಡಿನ ಗಿಡದಲ್ಲಿ ನೆಲೆಸಿದ ಅಬ್ಬೆಗೂ ನಡುವಿನ ಗೆರೆ ಎಲ್ಲಿದೆಯೆಂದು ಇಂದು ಯಾರು ಹೇಳಬಲ್ಲರು? ವೀತರಾಗನನ್ನು ಆರಾಧಿಸುವ ಧರ್ಮ ಇಲ್ಲಿಯ ಜನರ ತಾಯಿದೇವತೆಯನ್ನು ದೂರ ತಳ್ಳಲಿಲ್ಲ. ಅವಳಿಗೆ ತೀರ್ಥಂಕರನ ಪಕ್ಕದಲ್ಲಿ ಸ್ಥಾನ ಕೊಟ್ಟಿತು, ಜೊತೆಗೆ ರಕ್ತಬಲಿಯನ್ನು ನಿರಾಕರಿಸಿತು. ಸ್ವೀಕಾರ ಮತ್ತು ನಿರಾಕರಣೆ ಒಂದೇ ಕ್ರಿಯೆಯ ಎರಡು ಕೈಗಳಾಗಿದ್ದವು. ಸಾವಿರ ವರ್ಷದ ಹಿಂದೆ ನಡೆದುದಕ್ಕೆ ಸಮನ್ವಯವೆಂಬ ಹೆಸರು, ನಿನ್ನೆ ನಡೆದುದಕ್ಕೆ ಕಪಟವೆಂಬ ಹೆಸರು ಕೊಡುವುದು ನ್ಯಾಯವಲ್ಲ.

ಆದರೆ ಹೋಲಿಕೆ ಇಲ್ಲಿಗೆ ನಿಲ್ಲುವುದಿಲ್ಲ. ಕ್ರೈಸ್ತ ಚಿಂತಕರಿಗೆ ಕಠಿಣವಾದ ಭಾಗ ಇನ್ನು ಬರುತ್ತದೆ. ಪಂಪ 941ರಲ್ಲಿ ಆದಿಪುರಾಣವನ್ನು ರಚಿಸಿದನು, ಅದರೊಡನೆ ವಿಕ್ರಮಾರ್ಜುನ ವಿಜಯವನ್ನೂ ರಚಿಸಿದನು. ಒಂದರಲ್ಲಿ ಜಿನಾಗಮವನ್ನು, ಇನ್ನೊಂದರಲ್ಲಿ ಲೌಕಿಕವನ್ನು ಬೆಳಗಿದೆನೆಂಬುದು ಅವನ ಅರಿವು. ತನ್ನ ಧರ್ಮದ ಕಥೆಯನ್ನು ಕನ್ನಡದಲ್ಲಿ ಹೇಳಿದ್ದಷ್ಟೇ ಅಲ್ಲ, ನಾಡಿನವರೆಲ್ಲರ ಕಥೆಯನ್ನು ತನ್ನದಾಗಿ ಹೇಳಿದ್ದರಿಂದ ಆ ಕವಿ ನಾಡಿನವನಾದನು. ಕ್ರೈಸ್ತ ಮಿಷನರಿಗಳು ಇದಕ್ಕೆ ಹೋಲುವ, ಆದರೆ ಬೇರೆಯೇ ಆದ ಕೆಲಸ ಮಾಡಿದರು. ಹರ್ಮನ್ ಮೊಗ್ಲಿಂಗ್ 1843ರಲ್ಲಿ ಮಂಗಳೂರ ಸಮಾಚಾರವನ್ನು ಹೊರತಂದನು; ಜೈಮಿನಿ ಭಾರತ, ಬಸವ ಪುರಾಣ, ದಾಸರ ಪದಗಳನ್ನು ಅಚ್ಚಿಗೆ ಕಾಣಿಸಿದನು. ಫರ್ಡಿನೆಂಡ್ ಕಿಟ್ಟೆಲ್ 1872ರಲ್ಲಿ ಜೈನ ವೈಯಾಕರಣ ಕೇಶಿರಾಜನ ಶಬ್ದಮಣಿದರ್ಪಣವನ್ನು, 1875ರಲ್ಲಿ ನಾಗವರ್ಮನ ಛಂದೋಂಬುಧಿಯನ್ನು ಸಂಪಾದಿಸಿದನು. 1894ರ ಅವನ ನಿಘಂಟಿನ ಋಣ ಇಂದಿಗೂ ತೀರಿಲ್ಲ. ಬೆಂಗಳೂರಿನ ಮಿಷನರಿಯೊಬ್ಬನ ಮಗನಾದ ಬಿ. ಎಲ್. ರೈಸ್ ಎಪಿಗ್ರಾಫಿಯಾ ಕರ್ನಾಟಿಕದ ಏಳು ಮತ್ತು ಎಂಟನೆಯ ಸಂಪುಟಗಳಲ್ಲಿ ಶಿವಮೊಗ್ಗ ಜಿಲ್ಲೆಯ ಶಾಸನಗಳನ್ನು ಪ್ರಕಟಿಸಿದನು. ಮೇಲೆ ಹೇಳಿದ ಹೊಂಬುಜದ ಚರಿತ್ರೆಯನ್ನು ಇಂದು ನಾವು ಬರೆಯಬಲ್ಲೆವಾದರೆ ಆ ಸಂಪುಟಗಳ ಉಪಕಾರದಿಂದ. ಪರಧರ್ಮದ ಗ್ರಂಥಗಳ ಸೇವೆಯಲ್ಲಿ ಇಷ್ಟು ಆಯುಷ್ಯವನ್ನು ಕಳೆದ ಇನ್ನೊಂದು ಸಮುದಾಯವನ್ನು ಕನ್ನಡ ಕಂಡಿಲ್ಲ.

ಇತರರ ಗ್ರಂಥಗಳಿಗೆ ಇಷ್ಟು ದುಡಿದವರು ತಮ್ಮದೇ ಧರ್ಮಚಿಂತನೆಯನ್ನು ಕನ್ನಡದಲ್ಲಿ ಹುಟ್ಟಿಸಲಿಲ್ಲ. ಅವರ ದರ್ಶನ ಅನುವಾದವಾಗಿಯೇ ಉಳಿಯಿತು. ಕಿಟ್ಟೆಲ್ 1862ರಲ್ಲಿ ಕಥಾಮಾಲೆಯೆಂಬ ಕೃತಿಯಲ್ಲಿ ಯೇಸುವಿನ ಚರಿತೆಯನ್ನು ಕನ್ನಡ ಪದ್ಯಗಳಲ್ಲಿ ಹೇಳಿದನು. ಅದು ಕಾವ್ಯಪ್ರಿಯರ ನಾಲಗೆಯಲ್ಲಿ ನಿಲ್ಲಲಿಲ್ಲ. ಸಹ್ಯಾದ್ರಿಯ ಆಚೆ ಗೋವೆಯಲ್ಲಿ ಥಾಮಸ್ ಸ್ಟೀಫನ್ಸ್ 1616ರಲ್ಲಿಯೇ ಮರಾಠಿಯ ಓವಿಯಲ್ಲಿ ಕ್ರಿಸ್ತಪುರಾಣವನ್ನು ರಚಿಸಿದ್ದನು. ತಮಿಳಿನಲ್ಲಿ ಬೆಸ್ಕಿಯ ತೇಂಬಾವಣಿಯಿದೆ. ಕನ್ನಡದಲ್ಲಿ ಅಂಥ ಒಂದು ಕೃತಿ ಇಲ್ಲ. ಇಪ್ಪತ್ತನೆಯ ಶತಮಾನದಲ್ಲಿ ಬಾಹುಬಲಿಯ ಊರಾದ ಕಾರ್ಕಳದಲ್ಲಿ ಹುಟ್ಟಿದ ಸ್ಟ್ಯಾನ್ಲಿ ಸಮರ್ಥರು ಧರ್ಮಸಂವಾದದ ವಿಷಯದಲ್ಲಿ ಜಿನೀವದ ವಿಶ್ವ ಚರ್ಚುಗಳ ಮಂಡಳಿಗೇ ಮಾರ್ಗದರ್ಶಕರಾದರು. ಅವರ ಪ್ರಮುಖ ಗ್ರಂಥಗಳು ಇಂಗ್ಲಿಷಿನಲ್ಲಿವೆ. ನಿರ್ಮಲರ ದಲಿತ ಚಿಂತನೆಯೂ ಹಾಗೆಯೇ. ಕನ್ನಡಿಗ ಕ್ರೈಸ್ತನು ತನ್ನ ನೆಲದ ಬಗೆಗೆ ತನ್ನ ಗುರುಗಳು ಆಲೋಚಿಸಿದ್ದನ್ನು ಓದಬೇಕಾದರೆ ಇಂಗ್ಲಿಷ್ ಕಲಿಯಬೇಕು!

ಇಲ್ಲಿ ಶಬ್ದಗಳ ಕಡೆಗೆ ತಿರುಗುತ್ತೇನೆ. ಚಿಂತನೆ ಕನ್ನಡದಲ್ಲಿ ಹುಟ್ಟದಿದ್ದರೂ ಶಬ್ದಗಳು ಕನ್ನಡದಿಂದಲೇ ಬರಬೇಕಾಯಿತು, ಆ ಶಬ್ದಗಳಿಗೆ ಹಿಂದಿನ ಒಡೆಯರಿದ್ದರು. ಕಥೋಲಿಕರು ತಮ್ಮ ಮುಖ್ಯ ಆರಾಧನೆಯನ್ನು ಬಲಿಪೂಜೆ ಎನ್ನುತ್ತಾರೆ, ಅಲ್ಲಿ ಹಂಚುವುದನ್ನು ಪರಮಪ್ರಸಾದ ಎನ್ನುತ್ತಾರೆ. ಪ್ರಾಟೆಸ್ಟಂಟರ ಅನುವಾದದಲ್ಲಿ ದೀಕ್ಷಾಸ್ನಾನ, ಯಾಜಕ, ಯಜ್ಞವೇದಿ, ಸರ್ವಾಂಗಹೋಮಗಳಿವೆ. ದೇವರನ್ನು ಒಂದು ಬೈಬಲ್ಲು ಯೆಹೋವನೆಂದರೆ ಇನ್ನೊಂದು ಸರ್ವೇಶ್ವರನೆನ್ನುತ್ತದೆ. ಒಬ್ಬನೇ ಶಿಷ್ಯ ಒಂದರಲ್ಲಿ ಯೋಹಾನ, ಇನ್ನೊಂದರಲ್ಲಿ ಯೊವಾನ್ನ. ದೀಕ್ಷೆ ಶ್ರಮಣರದು, ಶರಣರದು, ಪ್ರಸಾದ ಲಿಂಗವಂತರ ಅಷ್ಟಾವರಣದಲ್ಲಿ ಒಂದು, ಹೋಮ ವೈದಿಕರದು. ಹೀಗೆ ಕನ್ನಡ ಕ್ರೈಸ್ತರ ಪ್ರಾರ್ಥನಾ ಪುಸ್ತಕ ತನಗೆ ಅರಿವಿಲ್ಲದೆಯೇ ಕರ್ನಾಟಕದ ಎಲ್ಲ ಮತಗಳ ಸಂಗಮವಾಗಿದೆ. ಶಾಲು, ದೀಪಗಳಿಗಿಂತ ಇದು ಎಷ್ಟೋ ಗಾಢವಾದ ದೇಶೀಕರಣ.

ಇವುಗಳಲ್ಲಿ ಬಲಿ ಎಂಬ ಶಬ್ದ ನನ್ನನ್ನು ಬಹುಕಾಲದಿಂದ ಕಾಡಿದೆ. ಕನ್ನಡದಲ್ಲಿ ಬಲಿಯ ವಿಚಾರವನ್ನು ಅತ್ಯಂತ ಸೂಕ್ಷ್ಮವಾಗಿ ಶೋಧಿಸಿದ ಕೃತಿ ಜನ್ನನ ಯಶೋಧರ ಚರಿತೆ, 1209ರಲ್ಲಿ ರಚಿತವಾದದ್ದು. ತಾಯಿಯ ಒತ್ತಾಯಕ್ಕೆ ಯಶೋಧರ ಜೀವಂತ ಪ್ರಾಣಿಯನ್ನು ಕೊಲ್ಲಲೊಪ್ಪದೆ ಹಿಟ್ಟಿನ ಕೋಳಿಯನ್ನು ಬಲಿಗೊಡುತ್ತಾನೆ. ಕತ್ತಿ ಬಿದ್ದಾಗ ಆ ಹಿಟ್ಟಿನ ಕೋಳಿ ಕೂಗುತ್ತದೆ. ತಾಯಿ, ಮಗ ಇಬ್ಬರೂ ಜನ್ಮಜನ್ಮಾಂತರ ಪಶುಪಕ್ಷಿಗಳಾಗಿ ಅದರ ಫಲವನ್ನು ಉಣ್ಣುತ್ತಾರೆ. ಹಿಟ್ಟು ಬರಿಯ ಹಿಟ್ಟಾಗಿರಲಿಲ್ಲ, ಸಂಕಲ್ಪ ಅದರಲ್ಲಿ ಜೀವವನ್ನಿಟ್ಟಿತ್ತು. ಈಗ ಕಥೋಲಿಕರ ಬಲಿಪೀಠವನ್ನು ನೆನೆಯಿರಿ. ಅಲ್ಲಿರುವುದೂ ಗೋದಿಯ ಹಿಟ್ಟಿನ ತೆಳುವಾದ ರೊಟ್ಟಿಯೇ. ಅದು ಬರಿಯ ಸಂಕೇತವಲ್ಲ, ಕ್ರಿಸ್ತನ ದೇಹವೇ ಎಂಬುದು ಅವರ ಸಿದ್ಧಾಂತ. ಹಿಟ್ಟನ್ನು ಕುರಿತು ಹದಿಮೂರನೆಯ ಶತಮಾನದ ಜೈನಕವಿಯೂ ರೋಮಿನ ಧರ್ಮಶಾಸ್ತ್ರಜ್ಞರೂ ಒಂದು ಮಾತಿನಲ್ಲಿ ಒಪ್ಪುತ್ತಾರೆ: ವಿಧಿಯಲ್ಲಿಟ್ಟ ಹಿಟ್ಟು ಬರಿಯ ಹಿಟ್ಟಲ್ಲ. ಅಲ್ಲಿಂದ ಮುಂದೆ ದಾರಿಗಳು ಅಗಲುತ್ತವೆ. ಜನ್ನನಿಗೆ ಅದು ಹಿಂಸೆಯ ಬೀಜ. ಕ್ರೈಸ್ತರಿಗೆ ಮೋಕ್ಷದ ಆಹಾರ.

ಕ್ರೈಸ್ತ ಚಿಂತಕನು ಉತ್ತರ ಕೊಡಬಲ್ಲನು. ಇಲ್ಲಿ ಕೊಂದವನು ಬಲಿಗೊಟ್ಟವನಲ್ಲ, ಕೊಟ್ಟವನು ತನ್ನನ್ನೇ ಕೊಟ್ಟುಕೊಂಡನು, ಆ ಒಂದೇ ಅರ್ಪಣೆಯಿಂದ ಎಲ್ಲ ಪಶುಬಲಿಗಳೂ ಕೊನೆಗೊಂಡವು ಎಂದು ಹೇಳಬಲ್ಲನು. ಯಜ್ಞದ ಕುರಿತು ಪುಸ್ತಿಕೆಯೊಂದನ್ನು ಬರೆದ ಕಿಟ್ಟೆಲ್ ವೈದಿಕ ಯಜ್ಞವನ್ನು ಎದುರಿಗಿಟ್ಟುಕೊಂಡು ಮಾತನಾಡಿದನು. ಆದರೆ ಯಜ್ಞವನ್ನೇ ನಿರಾಕರಿಸಿದ ಕನ್ನಡದ ಶ್ರಮಣ ಪರಂಪರೆಯನ್ನು ಎದುರಿಗಿಟ್ಟುಕೊಂಡು ಆಡಿದ ಮಾತು ನನಗೆ ಕಂಡಿಲ್ಲ. ಒಬ್ಬನ ಕರ್ಮವನ್ನು ಇನ್ನೊಬ್ಬನು ಹೊರಲಾರನೆಂದು ಸಾವಿರ ವರ್ಷ ಕೇಳಿದ ಕಿವಿಗಳಿಗೆ, ಒಬ್ಬನು ಎಲ್ಲರ ಪಾಪವನ್ನು ಹೊತ್ತನೆಂಬ ಮಾತು ಹೇಗೆ ಕೇಳಿಸಬೇಕು? ಇದು ಅನುವಾದದ ತೊಡಕಲ್ಲ. ಇದೇ ಧರ್ಮಚಿಂತನೆಯ ಕೇಂದ್ರ. ಬಳ್ಳಿಗಾವಿಯ ಕೋಡಿಯ ಮಠ ಶೈವಮಠವಾಗಿದ್ದೂ ಅಲ್ಲಿ ಬೌದ್ಧ ದರ್ಶನಕ್ಕೂ ಎಡೆಯಿತ್ತೆಂದೂ, ಜೈನ ಶಾಕಟಾಯನನ ವ್ಯಾಕರಣಕ್ಕೂ ಸ್ಥಾನವಿತ್ತೆಂದೂ 1162ರ ಶಾಸನದಿಂದ ತಿಳಿಯುತ್ತದೆ. ಪ್ರತಿಪಕ್ಷವನ್ನು ಅದರದೇ ಗ್ರಂಥದಲ್ಲಿ ಓದಿ ಉತ್ತರಿಸುವುದು ಈ ಜಿಲ್ಲೆಗೆ ಹೊಸದಲ್ಲ.

ಈ ಸಂವಾದ ಧರ್ಮಶಾಸ್ತ್ರದಲ್ಲಿ ನಡೆಯದಿದ್ದರೂ ಸಾಹಿತ್ಯದಲ್ಲಿ ಒಂದು ಬಗೆಯಲ್ಲಿ ನಡೆದಿದೆ. ಸಾಗರದಲ್ಲಿ 1937ರಲ್ಲಿ ಹುಟ್ಟಿ 2025ರ ಜನವರಿಯಲ್ಲಿ ನಮ್ಮನ್ನಗಲಿದ ನಾ. ಡಿಸೋಜ ಕೊಂಕಣಿ ಮನೆಮಾತಿನ ಕಥೋಲಿಕರು. ಲೋಕೋಪಯೋಗಿ ಇಲಾಖೆಯ ನೌಕರರಾಗಿ ಶರಾವತಿ ಯೋಜನೆಯನ್ನು ಹತ್ತಿರದಿಂದ ಕಂಡವರು. ಲಿಂಗನಮಕ್ಕಿಯ ನೀರಿನಲ್ಲಿ ಊರುಗಳು ಮುಳುಗಿದಾಗ ಆ ಸಂಕಟವನ್ನು ಕನ್ನಡದ ಓದುಗರ ಮುಂದಿಟ್ಟವರು ಅವರು. ದ್ವೀಪ ಕಾದಂಬರಿಯ ನಾಯಕ ಗಣಪಯ್ಯ. ಅವನ ತೋಟ, ಅವನ ದೇವರು, ಅವನ ಛಲ ಎಲ್ಲವೂ ಮಲೆನಾಡಿನ ಬ್ರಾಹ್ಮಣ ಮನೆಯೊಂದರವು. ಬರೆದವನ ಧರ್ಮ ಯಾವುದೆಂದು ಆ ಕಾದಂಬರಿಯನ್ನು ಓದುವಾಗ ಯಾರೂ ಕೇಳಲಿಲ್ಲ. 2014ರಲ್ಲಿ ಮಡಿಕೇರಿಯ ಸಾಹಿತ್ಯ ಸಮ್ಮೇಳನಕ್ಕೆ ಅವರನ್ನು ಅಧ್ಯಕ್ಷರನ್ನಾಗಿ ಆರಿಸಿದಾಗಲೂ ನಾಡು ಕೇಳಲಿಲ್ಲ. ಪಂಪನ ಲೌಕಿಕಕ್ಕೆ ಇದು ಇಪ್ಪತ್ತನೆಯ ಶತಮಾನದ ಸಂವಾದಿ ಎಂದರೆ ಉತ್ಪ್ರೇಕ್ಷೆಯಾಗಲಾರದು. ಮುಳುಗಿದ ಊರಿನ ದುಃಖದಲ್ಲಿ ಪಾಲುಗೊಂಡವನಿಗೆ ಆ ಊರು ತನ್ನದೆಂದು ಹೇಳಲು ಬೇರೆ ಸಾಕ್ಷಿ ಬೇಕಿಲ್ಲ.

ಲೌಕಿಕ ದೊರೆತಿದೆ, ಆಗಮಿಕ ದೊರೆತಿಲ್ಲ. ಶಿವಮೊಗ್ಗದ ಗುರುಮಠದಲ್ಲಿಯೋ ಭದ್ರಾವತಿಯಲ್ಲಿಯೋ, ಮಲಯಾಳ ಮನೆಮಾತಿನವನೋ ಕೊಂಕಣಿಯವನೋ, ಅಥವಾ ಆರತಿಯ ತಟ್ಟೆಯನ್ನು ಸಂಶಯದಿಂದ ನೋಡುವ ದಲಿತ ಮನೆಯವನೋ ಆದ ಒಬ್ಬ ತರುಣ ಗುರು ಜನ್ನನನ್ನು ಕೈಗೆತ್ತಿಕೊಂಡು ಬಲಿ ಎಂಬ ಶಬ್ದವನ್ನು ಕುರಿತು ಕನ್ನಡದಲ್ಲಿಯೇ ನೂರು ಪುಟ ಬರೆಯಲಿ. ನಮ್ಮ ಪಕ್ಷದಿಂದ ಅದಕ್ಕೆ ಖಂಡನೆ ಬರೆಯಲು ಜನರಿದ್ದಾರೆ.